ಜುರೇಮಾ ವಲೆನ್ಸಾಳ ಎಡ ಭುಜ

ಶೆಫೀಲ್ಡ್
19 ಜನವರಿ 2025

ದೊಡ್ಡಮ್ಮ,

ವಾಟ್ಸಾಪ್‌ನಲ್ಲಿ ಬರೆದರೆ ನೀವು ಒಂದು ಹೆಬ್ಬೆರಳು ತೋರಿಸಿ ಮುಗಿಸುತ್ತೀರಿ. ಫೋನ್ ಮಾಡಿದರೆ ಸ್ಪೀಕರಿಗೆ ಹಾಕುತ್ತೀರಿ, ಮನೆಯವರೆಲ್ಲ ಕೇಳುತ್ತಾರೆ. ಅದಕ್ಕೇ ಈ ಪತ್ರ.

ಕಳೆದ ಭಾನುವಾರ ನಿಮ್ಮ ಹಾರ್ಬೋರ್ನ್ ಮನೆಯಲ್ಲಿ ಸಂಕ್ರಾಂತಿ ಊಟಕ್ಕೆ ಕೂತಾಗ ನನ್ನ ಎಂ.ಎ. ಪ್ರಬಂಧದ ವಿಷಯ ಎತ್ತಬಾರದಿತ್ತು. ದೊಡ್ಡಪ್ಪ ಪೊಂಗಲ್ ಅಗಿಯುವುದನ್ನೇ ನಿಲ್ಲಿಸಿದರು. ನೀವು ಸುಮುಖ್‌ನ ಎದುರಿಗೇ, “ಇದಕ್ಕಾ ನಿಮ್ಮಪ್ಪ ನಿನ್ನ ಇಷ್ಟು ದೂರ ಕಳಿಸಿದ್ದು?” ಎಂದಿರಿ. ನಿಮ್ಮ ಮಗ ಇಲ್ಲೇ ಹುಟ್ಟಿದ ಹುಡುಗ, ಅರ್ಧ ಕನ್ನಡ ಅವನಿಗೆ ತಿಳಿಯುವುದಿಲ್ಲ. ಈ ವಾಕ್ಯ ಮಾತ್ರ ಪೂರ್ತಿ ಅರ್ಥವಾಯಿತು, ನಕ್ಕ.

ಜುರೇಮಾ ವಲೆನ್ಸಾ ಬ್ರೆಜಿಲ್‌ನ ನಟಿ. ಎಪ್ಪತ್ತರ ದಶಕದಲ್ಲಿ ಅಲ್ಲಿ ಸೈನ್ಯದ ಆಳ್ವಿಕೆ. ಸೆನ್ಸಾರಿನವರು ರಾಜಕೀಯದ ಮಾತು ಬಂದರೆ ಕತ್ತರಿಸುತ್ತಿದ್ದರು, ಮೈ ತೋರಿಸಿದರೆ ಎಷ್ಟೋ ಸಲ ಬಿಡುತ್ತಿದ್ದರು. ಥಿಯೇಟರಿನವರು ವರ್ಷಕ್ಕೆ ಇಷ್ಟು ದಿನ ದೇಶದ್ದೇ ಚಿತ್ರ ತೋರಿಸಬೇಕು ಎಂಬ ಕಾನೂನೂ ಇತ್ತು. ಹಾಗಾಗಿ ಸಾವೊ ಪೌಲೊದ ಒಂದು ಬೀದಿಯಲ್ಲಿ ಅಗ್ಗದ ಚಿತ್ರಗಳು ಸಾಲುಸಾಲಾಗಿ ತಯಾರಾದವು. ದೆವ್ವ, ಹೆಂಗಸರ ಜೈಲು, ಕೊಲೆ, ಎಲ್ಲದರಲ್ಲೂ ಬತ್ತಲೆ. ಜುರೇಮಾ ಅಂಥವುಗಳಲ್ಲಿ ಏಳೆಂಟು ವರ್ಷ ನಟಿಸಿ ಮಾಯವಾದಳು. ಯಾವ ವಿಮರ್ಶಕನೂ ಅವಳ ಹೆಸರು ಬರೆದಿಲ್ಲ.

ಅವಳು ಬಲಿಪಶುವಲ್ಲ, ತನ್ನ ಬಿಂಬವನ್ನು ತಾನೇ ರೂಪಿಸಿಕೊಂಡವಳು ಎಂಬುದು ನನ್ನ ವಾದ. ಪ್ರೊಫೆಸರ್ ಆಲ್ಡರ್‌ಸನ್ ಇದನ್ನು ಪಿಎಚ್‌ಡಿಗೆ ಬೆಳೆಸಬಹುದು ಎಂದಿದ್ದಾರೆ. ಆ ಸೀಟು ಸಿಕ್ಕರೆ ಮಾತ್ರ ನಾನು ಇಲ್ಲಿ ಉಳಿಯುತ್ತೇನೆ. ಅಮ್ಮನಿಗೆ ‘ಲ್ಯಾಟಿನ್ ಅಮೆರಿಕದ ಸಿನಿಮಾ’ ಎಂದಷ್ಟೇ ಹೇಳಿದ್ದೇನೆ. ಒಂದು ಚಿತ್ರದ ಲಿಂಕ್ ಇಮೇಲ್ ಮಾಡಿದ್ದೇನೆ. ನೋಡಿ ಬೈಯಿರಿ, ನೋಡದೆ ಬೈಯಬೇಡಿ.

ಚೈತು


ಹಾರ್ಬೋರ್ನ್
2 ಫೆಬ್ರವರಿ 2025

ಚೈತು,

ನೋಡಿದೆ. ಈಗ ಬೈಯುತ್ತೇನೆ.

ಅಡುಗೆಮನೆಯಲ್ಲಿ ಲ್ಯಾಪ್‌ಟಾಪ್ ಇಟ್ಟುಕೊಂಡು, ಬಾಗಿಲು ಹಾಕಿ ಕೂತೆ. ದೊಡ್ಡಪ್ಪ ಕಾಫಿಗೆ ಬಂದವರು ಒಂದು ಕ್ಷಣ ಇಣುಕಿ, “ಇದೇನು, ಟ್ರೇನಿಂಗ್ ವಿಡಿಯೋನಾ?” ಎಂದರು. ಹೌದು ಎಂದೆ. ಅವರು ಅರಿವಳಿಕೆ ಡಾಕ್ಟರು, ರೋಗಿ ಮಲಗಿದ ಮೇಲೆ ಏನಾಗುತ್ತದೆ ಎಂದು ಹೆಚ್ಚು ಕೇಳುವವರಲ್ಲ.

ನಾನು ಮೂವತ್ತು ವರ್ಷದಿಂದ ಕೀವು, ಹುಣ್ಣು, ಕೊಳೆತ ಕಾಲ್ಬೆರಳು ನೋಡಿದವಳು. ಅವು ಯಾವುವೂ ನನಗೆ ಅಸಹ್ಯವಲ್ಲ. ಈ ಚಿತ್ರ ಅಸಹ್ಯ. ಆ ಹೆಂಗಸಿನ ತಲೆಯ ಮೇಲೆ ಕರುಳು ಸುರಿಯುತ್ತಾರೆ, ಕ್ಯಾಮೆರಾ ಅವಳ ಮುಖ ಬಿಟ್ಟು ಎದೆಯ ಮೇಲೆ ನಿಲ್ಲುತ್ತದೆ. ಅವಳು ಒಂದು ಕಡೆ ಕಣ್ಣೊರೆಸಿಕೊಳ್ಳುತ್ತಾಳೆ. ಅದು ನಟನೆ ಅಲ್ಲ, ಕಣ್ಣು ನಿಜಕ್ಕೂ ಉರಿಯುತ್ತಿದೆ. ಯಾರೂ ನಿಲ್ಲಿಸಲಿಲ್ಲ. ನೀನು ಇದನ್ನು ‘ಬಿಂಬ ರೂಪಿಸಿಕೊಳ್ಳುವುದು’ ಎನ್ನುತ್ತೀಯ.

ನಾನು ಹಳೇ ಕಾಲದವಳು ಎಂದು ಬರೆಯಬೇಡ. ಬೇರೆ ಯಾವ ವಿಷಯವೂ ಸಿಗಲಿಲ್ಲವೇ ಎಂದು ಕೇಳುತ್ತಿದ್ದೇನೆ, ಅಷ್ಟೇ. ನಿಮ್ಮಮ್ಮನಿಗೆ ನಾನು ಹೇಳುವುದಿಲ್ಲ. ಹೇಳುವುದು ನಿನ್ನ ಕೆಲಸ.

ಶೆಫೀಲ್ಡ್‌ನಲ್ಲಿ ಚಳಿ ಹೆಚ್ಚು. ಹೀಟಿಂಗ್ ಉಳಿಸಲು ಹೋಗಬೇಡ.

ದೊಡ್ಡಮ್ಮ


ಶೆಫೀಲ್ಡ್
2 ಮಾರ್ಚ್ 2025

ದೊಡ್ಡಮ್ಮ,

ಪೂರ್ತಿ ನೋಡಿದಿರಲ್ಲ, ಅಷ್ಟೇ ಸಾಕು. ನಮ್ಮ ಕ್ಲಾಸಿನಲ್ಲಿ ಅರ್ಧದಷ್ಟು ಜನ ಪೂರ್ತಿ ನೋಡದೆಯೇ ಮಾತಾಡುತ್ತಾರೆ.

ಗುರುವಾರ ನಮ್ಮ ಫಿಲ್ಮ್ ಕ್ಲಬ್‌ನಲ್ಲಿ ಅವಳ 1978ರ ಚಿತ್ರ ಹಾಕಿದೆವು. ಹೆಸರು ‘ದನದ ದೊಡ್ಡಿಯ ವಧು’. ನಕ್ಕರೆ ನಗಿ, ಅಭಿಮಾನಿಗಳಿಗೆ ಇದೇ ಶಿಖರ. ಜಮೀನ್ದಾರನೊಬ್ಬ ಮದುವೆಯಾಗಿ ತಂದ ಹುಡುಗಿಯನ್ನು ದನದ ದೊಡ್ಡಿಯಲ್ಲಿ ಕಟ್ಟಿ, ದನಗಳಿಗೆ ಹಾಕುವ ಕಾದ ಮುದ್ರೆಯನ್ನು ಅವಳ ಭುಜಕ್ಕೆ ಒತ್ತುತ್ತಾನೆ. ಹೊಗೆ ಏಳುತ್ತದೆ, ಅವಳು ಕಿರುಚುತ್ತಾಳೆ. ಹತ್ತು ಸೆಕೆಂಡಿನ ಆ ಕಿರುಚಾಟಕ್ಕೇ ಜನ ಬರುತ್ತಾರೆ. ಅಷ್ಟು ಸಣ್ಣ ಬಜೆಟ್ಟಿನಲ್ಲಿ ಅಂಥ ಮೇಕಪ್ ಹೇಗೆ ಮಾಡಿದರು ಎಂದು ಇವತ್ತಿಗೂ ವಾದ ನಡೆಯುತ್ತದೆ. ನನ್ನ ಮೂರನೇ ಅಧ್ಯಾಯ ಅದರ ಮೇಲೇ.

ಟಿಕೆಟ್ ಬದಲು ಬಾಗಿಲಲ್ಲಿ ಎಲ್ಲರ ಮಣಿಕಟ್ಟಿಗೂ ಆ ಮುದ್ರೆಯನ್ನೇ ಒತ್ತಿದೆವು, ರಬ್ಬರ್ ಸ್ಟ್ಯಾಂಪಿನಿಂದ. ಯೋಚನೆ ನನ್ನದು. ಚಿತ್ರದ ಫ್ರೇಮ್ ನೋಡಿ ಅಳತೆ ಸಮೇತ ನಾನೇ ಬಿಡಿಸಿದೆ. ಕೆಳಗೆ ಒತ್ತಿದ್ದೇನೆ ನೋಡಿ. ಅರ್ಧಚಂದ್ರ, ಒಳಗೆ ಎರಡು ಗೆರೆ, ಒಂದು ಗೆರೆಯ ತುದಿ ಮುರಿದಿದೆ. ಎಲ್ಲರೂ ಫೋಟೋ ತೆಗೆದು ಹಾಕಿಕೊಂಡರು. ಪ್ರೊಫೆಸರ್ ಎರಡೂ ಕೈಗೆ ಒತ್ತಿಸಿಕೊಂಡರು.

ಇನ್ನೊಂದು ಸುದ್ದಿ. ಲೀಡ್ಸ್‌ನಲ್ಲಿ ರಸೆಲ್ ಎಂಬ ಸಂಗ್ರಾಹಕ ಇದ್ದಾನೆ, ಇಂಥ ಚಿತ್ರಗಳ ಪೋಸ್ಟರು, ರೀಲು ಎಲ್ಲ ಅವನ ಹತ್ತಿರ. ಜುರೇಮಾ ಸತ್ತಿಲ್ಲವಂತೆ. ಇಂಗ್ಲಿಷ್ ಎಂಜಿನಿಯರ್ ಒಬ್ಬನನ್ನು ಮದುವೆಯಾಗಿ ಈ ದೇಶಕ್ಕೇ ಬಂದಳಂತೆ. ಜೂನ್ ತಿಂಗಳಲ್ಲಿ ಇಲ್ಲಿ ಅವನೂ ನಮ್ಮ ಕ್ಲಬ್ಬೂ ಸೇರಿ ಉತ್ಸವ ಮಾಡುತ್ತಿದ್ದೇವೆ. ಅಷ್ಟರಲ್ಲಿ ಹುಡುಕಿ ಅವಳನ್ನು ವೇದಿಕೆಗೆ ತರುವುದು ನಮ್ಮ ಆಸೆ.

ಚೈತು


ಹಾರ್ಬೋರ್ನ್
9 ಮಾರ್ಚ್ 2025

ಚೈತನ್ಯಾ,

ನಿನ್ನ ಪತ್ರ ಬಂತು. ಕೆಲವು ಪ್ರಶ್ನೆಗಳಿವೆ.

ಮುದ್ರೆ ಒತ್ತುವುದು ಎಡ ಭುಜಕ್ಕೋ, ಬಲಕ್ಕೋ? ಮುಂಭಾಗಕ್ಕೋ, ಹಿಂಭಾಗಕ್ಕೋ?

ಆ ಚಿತ್ರಕ್ಕೆ ಮುಂಚಿನ ಚಿತ್ರಗಳಲ್ಲಿ ಅವಳ ಬೆನ್ನು ಕಾಣುತ್ತದೆಯೇ? ಆಮೇಲಿನ ಚಿತ್ರಗಳಲ್ಲಿ?

ಮುರಿದ ಗೆರೆ ನಿಜವಾಗಿ ಹಾಗೇ ಇದೆಯೋ, ನೀನು ಬಿಡಿಸುವಾಗ ಆದದ್ದೋ?

ದೊಡ್ಡಮ್ಮ


ಶೆಫೀಲ್ಡ್
16 ಮಾರ್ಚ್ 2025

ದೊಡ್ಡಮ್ಮ,

ನಿಮ್ಮ ಪ್ರಶ್ನೆಗಳನ್ನು ಓದಿ ಎಷ್ಟು ಖುಷಿಯಾಯಿತು ಗೊತ್ತಾ? ನಮ್ಮ ಪ್ರೊಫೆಸರ್ ಕೂಡ ಇಷ್ಟು ಕರಾರುವಾಕ್ಕಾಗಿ ಕೇಳಿಲ್ಲ. ಕೊನೆಗೂ ನೀವು ಬೈಯುವುದು ಬಿಟ್ಟು ನೋಡುವುದಕ್ಕೆ ಶುರು ಮಾಡಿದಿರಿ.

ಎಡ ಭುಜ, ಹಿಂಭಾಗ, ಹೆಗಲಮೂಳೆಯ ಮೇಲೆ. ಮುರಿದ ಗೆರೆ ಮುದ್ರೆಯಲ್ಲೇ ಇದೆ, ಹಳೆಯ ಕಬ್ಬಿಣ ಇರಬೇಕು. ಮುಂಚಿನ ಚಿತ್ರಗಳಲ್ಲಿ ಬೆನ್ನು ಧಾರಾಳವಾಗಿ ಕಾಣುತ್ತದೆ, ಏನೂ ಇಲ್ಲ. ಆಮೇಲಿನ ನಾಲ್ಕು ಚಿತ್ರಗಳಲ್ಲಿ ಎಡ ಭುಜ ಒಮ್ಮೆಯೂ ಕಾಣುವುದಿಲ್ಲ. ಉಳಿದ ಮೈ ಎಲ್ಲ ಬತ್ತಲೆ ಇದ್ದರೂ ಅಲ್ಲಿ ಮಾತ್ರ ಒಂದು ಶಾಲು, ಇಲ್ಲವೇ ಬಿಟ್ಟ ಕೂದಲು. ನಾನು ಇದನ್ನೇ ಬರೆದಿದ್ದೇನೆ: ಎಲ್ಲವನ್ನೂ ತೋರಿಸಬೇಕಾದ ಕಡೆ ಒಂದು ಅಂಗವನ್ನು ತನ್ನದಾಗಿ ಉಳಿಸಿಕೊಂಡು ಅವಳು ಪ್ರೇಕ್ಷಕನನ್ನು ಆಡಿಸುತ್ತಾಳೆ. ಪ್ರೊಫೆಸರ್ ಪಕ್ಕದಲ್ಲಿ ‘ಅದ್ಭುತ’ ಎಂದು ಬರೆದರು.

ಈಗ ಮುಖ್ಯ ವಿಷಯ. ಸಾವೊ ಪೌಲೊದ ಹಳೆಯ ಮೇಕಪ್ ಕೆಲಸದಾಕೆಯೊಬ್ಬಳಿಂದ ರಸೆಲ್‌ಗೆ ಉತ್ತರ ಬಂತು. ಜುರೇಮಾಳ ಈಗಿನ ಹೆಸರು ಡೋರಾ ವಿಟ್‌ಲಾಕ್. ಗಂಡ ತೀರಿಕೊಂಡಿದ್ದಾನೆ. ಇರುವುದು ಎಲ್ಲಿ ಗೊತ್ತಾ? ಹಾರ್ಬೋರ್ನ್. ನಿಮ್ಮದೇ ಏರಿಯಾ ದೊಡ್ಡಮ್ಮ! ಮನೆ ವಿಳಾಸ ಮಾತ್ರ ಸಿಕ್ಕಿಲ್ಲ.

ಹಾರ್ಬೋರ್ನ್‌ನ ಅರ್ಧ ಜನ ನಿಮ್ಮ ಕ್ಲಿನಿಕ್ಕಿಗೇ ಬರುವುದಲ್ಲವೇ? ಕಂಪ್ಯೂಟರಿನಲ್ಲಿ ಒಂದು ಸಲ ಹೆಸರು ಹಾಕಿ ನೋಡಿ. ಕಾಯಿಲೆ ಗೀಯಿಲೆ ಏನೂ ಬೇಡ. ಇದ್ದಾಳೆ, ಇಲ್ಲ, ಅಷ್ಟು ಹೇಳಿದರೆ ಸಾಕು. ಮನೆಯವರಲ್ಲೇ ಒಬ್ಬರು ಡಾಕ್ಟರ್ ಇದ್ದೂ ಬೀದಿ ಬೀದಿ ಅಲೆಯುವುದು ಯಾಕೆ?

ಚೈತು


ಹಾರ್ಬೋರ್ನ್
13 ಏಪ್ರಿಲ್ 2025

ಚೈತನ್ಯಾ,

ಉತ್ತರ ತಡವಾಯಿತು. ನಾಲ್ಕು ಸಲ ಬರೆದು ಹರಿದೆ.

ನೀನು ಕೇಳಿದ ಪ್ರಶ್ನೆಗೆ ಹೌದು ಎಂದೂ ಹೇಳುವುದಿಲ್ಲ, ಇಲ್ಲ ಎಂದೂ ಹೇಳುವುದಿಲ್ಲ. ನಿನ್ನ ಅಮ್ಮನ ಹೆಸರು ಕೊಟ್ಟು ಕೇಳಿದರೂ ಇದೇ ಉತ್ತರ. ಇನ್ನು ಮುಂದೆ ನನಗೆ ಬರೆಯುವ ಪತ್ರದಲ್ಲಿ ಯಾರ ಹೆಸರನ್ನೂ ಬರೆಯಬೇಡ.

ಮೈಸೂರಿನಲ್ಲಿ ನಮ್ಮ ಮನೆ ಡಾಕ್ಟರು ಸಂಜೆ ಕಾಫಿಗೆ ಬಂದು, ಎದುರು ಮನೆಯ ಹುಡುಗಿಗೆ ಮೂರ್ಛೆರೋಗ ಎಂದು ನಿನ್ನ ಅಜ್ಜಿಗೆ ಹೇಳಿದರು. ಅಜ್ಜಿ ಕೆಟ್ಟವಳಲ್ಲ, ಇನ್ನೊಬ್ಬರಿಗೆ ಹೇಳಿದಳು. ಗೊತ್ತಾಗಿದ್ದ ಮದುವೆ ಮುರಿಯಿತು. ಡಾಕ್ಟರು ಮರುವಾರವೂ ಕಾಫಿಗೆ ಬಂದರು. ಅದು ನಮಗೆ ವಾಡಿಕೆ. ನಾನು ಆ ವಾಡಿಕೆಯ ಡಾಕ್ಟರ್ ಅಲ್ಲ.

ಇನ್ನೊಂದು ಮಾತು. ಇದು ಯಾರ ಗುಟ್ಟೂ ಅಲ್ಲ, ನೀವೆಲ್ಲ ಪರದೆಯ ಮೇಲೆ ನೋಡುವುದೇ. ನಾನು ಆ ಚಿತ್ರ ತರಿಸಿ ಆ ದೃಶ್ಯವನ್ನು ನಿಧಾನಕ್ಕೆ ಓಡಿಸಿ ನೋಡಿದೆ. ಕಬ್ಬಿಣ ತಾಗಿದ ಕ್ಷಣ ಅವಳು ಕಿರುಚುವುದಿಲ್ಲ. ಉಸಿರು ಒಳಗೆಳೆದುಕೊಳ್ಳುತ್ತಾಳೆ. ತುಟಿಯ ಬಣ್ಣ ಹೋಗುತ್ತದೆ. ತೋಳಿನ ಮೇಲೆ ಕೂದಲು ನಿಲ್ಲುತ್ತದೆ. ಕಿರುಚಾಟ ಆಮೇಲೆ. ಕಬ್ಬಿಣ ತೆಗೆದ ಕಡೆ ಚರ್ಮ ಕೆಂಪಾಗಿಲ್ಲ, ಬೆಳ್ಳಗಾಗಿದೆ. ಮೇಕಪ್ ಮಾಡುವವನು ಕೆಂಪು ಹಚ್ಚುತ್ತಾನೆ, ಏಕೆಂದರೆ ನೋಡುವವರಿಗೆ ಸುಟ್ಟ ಗಾಯ ಎಂದರೆ ಕೆಂಪು. ಆಳಕ್ಕೆ ಸುಟ್ಟರೆ ಬೆಳ್ಳಗಾಗುತ್ತದೆ ಎಂಬುದು ಡಾಕ್ಟರಿಗೆ ಗೊತ್ತು, ಸುಟ್ಟವರಿಗೆ ಗೊತ್ತು. ಮೈ ನವಿರೇಳುವುದನ್ನು ಯಾವ ನಟಿಯೂ ನಟಿಸಲಾರಳು. ಚೌಕಟ್ಟಿನ ಅಂಚಿನಲ್ಲಿ ಒಂದು ಕೈ ಅವಳ ಕಡೆಗೆ ಚಾಚಿ, ಮತ್ತೆ ಹಿಂದೆ ಸರಿಯುತ್ತದೆ. ಅವನಿಗೂ ಗೊತ್ತಾಗಿದೆ.

ನೀವು ಮಣಿಕಟ್ಟಿಗೆ ಒತ್ತಿಸಿಕೊಂಡಿದ್ದು ಅದನ್ನು. ನನಗೆ ಅಸಹ್ಯವಾಗುತ್ತಿದೆ. ಆ ಹೆಂಗಸಿನ ಬಗ್ಗೆ ಅಲ್ಲ.

ಆ ಅಧ್ಯಾಯ ಬಿಡು. ಆ ಹೆಂಗಸನ್ನು ಹುಡುಕಬೇಡ. ಕಾರಣ ಇಷ್ಟೇ ಎಂದುಕೋ.

ದೊಡ್ಡಮ್ಮ


ಶೆಫೀಲ್ಡ್
20 ಏಪ್ರಿಲ್ 2025

ದೊಡ್ಡಮ್ಮ,

ಮೊದಲ ದಿನದಿಂದ ನಿಮಗೆ ಈ ವಿಷಯ ಬೇಕಿರಲಿಲ್ಲ. ಆಗ ಅಸಹ್ಯ ಎಂದಿರಿ. ಈಗ ಅದಕ್ಕೆ ಮೆಡಿಕಲ್ ಸರ್ಟಿಫಿಕೇಟ್ ಕೊಟ್ಟಿದ್ದೀರಿ.

ನಾನು ನಿಮ್ಮ ಪತ್ರದ ಆ ಭಾಗವನ್ನು ಪ್ರೊಫೆಸರ್‌ಗೆ ಇಂಗ್ಲಿಷಿನಲ್ಲಿ ಹೇಳಿದೆ. ಅವರು ನಗಲಿಲ್ಲ, ಅಷ್ಟು ಮರ್ಯಾದೆ ಕೊಟ್ಟರು. ಆ ಚಿತ್ರದ ಎಫೆಕ್ಟ್ಸ್ ಮಾಡಿದವನ ಹಳೆಯ ಸಂದರ್ಶನ ತೋರಿಸಿದರು. ಹಂದಿ ಚರ್ಮದ ಪಟ್ಟಿ ಅಂಟಿಸಿ ಅದರ ಮೇಲೆ ಒತ್ತಿದೆವು ಎಂದು ಅವನೇ ಹೇಳಿದ್ದಾನೆ. ನೀವು ಅರ್ಧ ಶತಮಾನದ ಹಿಂದಿನ ಸವೆದ ಪ್ರಿಂಟ್ ನೋಡಿ ರೋಗ ಪತ್ತೆ ಮಾಡುತ್ತಿದ್ದೀರಿ. ಅಲ್ಲಿ ಎಲ್ಲವೂ ಬೆಳ್ಳಗೇ ಕಾಣುತ್ತದೆ.

ಹೆಂಗಸು ಬತ್ತಲೆಯಾಗಿ ನಿಂತರೆ ಅವಳನ್ನು ಯಾರೋ ಹಿಂಸಿಸಿರಲೇಬೇಕು, ಅವಳಾಗಿ ಏನನ್ನೂ ಮಾಡಿರಲಾರಳು ಎಂಬುದು ನಮ್ಮ ಮನೆಯ ಹಳೇ ನಂಬಿಕೆ. ಅವಳನ್ನೇ ಕೇಳಿದರೆ ತಿಳಿಯುತ್ತದೆ. ಯಾರೂ ಈವರೆಗೆ ಕೇಳಿಲ್ಲ, ಅದೇ ತಾನೇ ತೊಂದರೆ?

ಪಿಎಚ್‌ಡಿ ಸಂದರ್ಶನ ಜೂನ್‌ನಲ್ಲಿ. ಅಲ್ಲಿಯವರೆಗೆ ನನ್ನ ಮೇಲೆ ಕೋಪ ಇಟ್ಟುಕೊಳ್ಳಿ, ಪರವಾಗಿಲ್ಲ.

ಚೈತನ್ಯಾ


ಹಾರ್ಬೋರ್ನ್
4 ಮೇ 2025

ಚೈತನ್ಯಾ,

ನಿನ್ನೆ ಬೃಂದಾ ಸಿಕ್ಕಿದ್ದಳು, ದೊಡ್ಡಪ್ಪನ ಆಸ್ಪತ್ರೆಯ ಧಾರವಾಡದ ಹುಡುಗಿ, ನಿನಗೆ ಗೊತ್ತು. “ನಿಮ್ಮ ಚೈತನ್ಯಾ ಹೈಸ್ಟ್ರೀಟ್‌ನ್ಯಾಗ ಯಾರೋ ಬಿಳಿ ಮನಷ್ಯಾನ ಕೂಡ ಹೊಂಟಿದ್ಲ್ರೀ, ಕರದ್ರೂ ತಿರುಗಿ ನೋಡಲಿಲ್ಲ” ಎಂದಳು. ಏನೋ ಅವಸರವಿತ್ತು ಎಂದು ನಾನೇ ಸಮಜಾಯಿಷಿ ಕೊಟ್ಟೆ.

ನಮ್ಮ ಮನೆ ಅಲ್ಲಿಂದ ಐದು ನಿಮಿಷ. ಬರಲಿಲ್ಲ. ಯಾಕೆ ಎಂದು ಕೇಳುವುದಿಲ್ಲ. ಯಾರ ಮನೆಗೆ ಹೋಗಿದ್ದೆ ಎಂದೂ ನನಗೆ ಹೇಳಬೇಡ.

ಚಂದ್ರಪ್ರಭಾ


ಶೆಫೀಲ್ಡ್
18 ಮೇ 2025

ದೊಡ್ಡಮ್ಮ,

ಹೇಳಬೇಡ ಎಂದಿದ್ದೀರಿ. ಹೇಳುತ್ತೇನೆ. ಬೇಕಾದರೆ ಇಲ್ಲಿಗೇ ಓದುವುದು ನಿಲ್ಲಿಸಿ. ಹೆಸರು ಬರೆಯುವುದಿಲ್ಲ.

ರಸೆಲ್ ಹೂವಿನ ಅಂಗಡಿಯಲ್ಲಿ ವಿಚಾರಿಸಿ ಮನೆ ಪತ್ತೆ ಮಾಡಿದ್ದ. ಎಪ್ಪತ್ತರ ಹೆಂಗಸು, ಕುಳ್ಳು, ಬಿಳಿ ಕೂದಲು. ನಾವು ಸಿನಿಮಾ ಎಂದ ಕೂಡಲೇ ಬಾಗಿಲು ಮುಚ್ಚಲು ಹೋದರು. ನಾನು ಅವಸರದಲ್ಲಿ, ನನ್ನ ದೊಡ್ಡಮ್ಮ ಇಲ್ಲೇ ಡಾಕ್ಟರು, ಡಾಕ್ಟರ್ ಚಂದ್ರಪ್ರಭಾ, ಎಂದೆ. ಊರಿನಲ್ಲಿ ನಾವು ಹಾಗೇ ತಾನೇ ಪರಿಚಯ ಹೇಳಿಕೊಳ್ಳುವುದು? ಇಂಥವರ ಮಗಳು, ಇಂಥವರ ತಂಗಿಯ ಮಗಳು. ಬಾಗಿಲು ನಿಂತಿತು. ನನ್ನ ಮುಖವನ್ನು ತುಂಬ ಹೊತ್ತು ನೋಡಿದರು.

“ಅವರು ಕಳಿಸಿದರಾ?” ಎಂದರು.

ನಾನು ನಕ್ಕೆ. ಇಲ್ಲ ಎನ್ನಲಿಲ್ಲ. ಅವರು ಒಳಗೆ ಬಿಟ್ಟರು. ನಿಮ್ಮ ಹೆಸರಿಗೆ ಅಷ್ಟು ಗೌರವ ಇದೆ ಎಂದು ನನಗೆ ಹೆಮ್ಮೆಯಾಯಿತು.

ಚಹಾ ಕೊಟ್ಟರು. ರಸೆಲ್ ಪೋಸ್ಟರುಗಳನ್ನು ಹಾಸಿ ಸಹಿ ಕೇಳಿದ. ಅವರು ಯಾವುದನ್ನೂ ಮುಟ್ಟಲಿಲ್ಲ. ಆಮೇಲೆ ಅವನು ಅಂಗಿಯ ತೋಳು ಮೇಲೇರಿಸಿ ತೋರಿಸಿದ. ಅವನು ಆ ಗುರುತನ್ನು ಹಚ್ಚೆ ಹಾಕಿಸಿಕೊಂಡಿದ್ದಾನೆ, ನನಗೂ ಗೊತ್ತಿರಲಿಲ್ಲ. ನಾನು ಬಿಡಿಸಿದ ಅಳತೆಯಲ್ಲೇ, ಮುರಿದ ಗೆರೆಯ ಸಮೇತ. ಅವರು ಕನ್ನಡಕ ಹಾಕಿಕೊಂಡು ಬಗ್ಗಿ ನೋಡಿದರು. ನಮ್ಮ ಕಡೆ ಇದನ್ನು ಹಸುವಿಗೆ ಹಾಕುತ್ತಾರೆ, ಕಳೆದುಹೋದರೆ ಯಾರದು ಎಂದು ಗೊತ್ತಾಗಲಿ ಎಂದು, ಎಂದರು. ನನ್ನ ಕಡೆ ತಿರುಗಿ, “ನಿನಗೆ ಹೇಗೂ ಎಲ್ಲ ಗೊತ್ತಲ್ಲ” ಎಂದು, ಹವಾಮಾನದ ಮಾತಾಡಿದಷ್ಟು ಸಲೀಸಾಗಿ ಹೇಳಿದರು.

ಚರ್ಮದ ಪಟ್ಟಿ ಇಡುತ್ತೇವೆ ಎಂದಿದ್ದರಂತೆ. ರಿಹರ್ಸಲ್‌ನಲ್ಲಿ ಇಟ್ಟಿದ್ದರಂತೆ. ಟೇಕ್‌ನಲ್ಲಿ ನಿರ್ದೇಶಕ ತೆಗೆಸಿದ. ಅವನಿಗೆ ಅವರ ಕಿರುಚಾಟ ಸಾಲುತ್ತಿರಲಿಲ್ಲವಂತೆ. ಕೈಗಳನ್ನು ಪಾತ್ರಕ್ಕಾಗಿ ಕಟ್ಟಿದ್ದರು, ಬಿಚ್ಚಲು ಯಾರೂ ಬರಲಿಲ್ಲ. ಊಟದ ಹೊತ್ತಿನವರೆಗೆ ಶೂಟಿಂಗ್ ನಡೆಯಿತು. ಗಾಯ ಕೀವಾಯಿತು. ಮುಂದಿನ ಚಿತ್ರದವರು ಒಂದು ಶಾಲು ಕೊಟ್ಟರು.

ದೊಡ್ಡಮ್ಮ, ಆಗ ನಾನು ರಸೆಲ್‌ನ ಮುಖ ನೋಡಿದೆ. ಅವನಿಗೆ ಸಂತೋಷವಾಗಿತ್ತು. ಕಣ್ಣು ಒದ್ದೆಯಾಗಿತ್ತು, ಅಂಥ ಸಂತೋಷ. “ಹಾಗಾದರೆ ಅದು ನಿಜ” ಎಂದ. ಒಂದು ಸಲ ನೋಡಬಹುದೇ ಎಂದು ಕೇಳಿದ. ಮುಟ್ಟುವುದಿಲ್ಲ ಎಂದೂ ಸೇರಿಸಿದ. ಅವರು ಎದ್ದು ಬಾಗಿಲು ತೆರೆದು ನಿಂತರು.

ನನ್ನ ಫೋನು ಅಷ್ಟು ಹೊತ್ತೂ ಮೇಜಿನ ಮೇಲೆ ರೆಕಾರ್ಡ್ ಮಾಡುತ್ತಿತ್ತು. ಅವರನ್ನು ಕೇಳಿರಲಿಲ್ಲ. ಪ್ರೊಫೆಸರ್‌ಗೆ ಹೇಳಿದೆ. ಅವರು ಮೇಜು ತಟ್ಟಿ, ಇದು ವರ್ಷದ ಶೋಧ, ಪಿಎಚ್‌ಡಿ ಸೀಟು ನಿನ್ನದೇ ಎಂದುಕೋ, ರೆಕಾರ್ಡಿಂಗ್ ಕಳಿಸು ಎಂದರು. ನಿಮ್ಮ ಪತ್ರದ ಮಾತು ಸರಿಯಿತ್ತು ಎಂದು ಅವರಿಗೆ ನೆನಪೂ ಬರಲಿಲ್ಲ. ಇವರಿಬ್ಬರನ್ನೂ ಬೈದು ಮುಗಿಸಬಹುದಿತ್ತು. ಆದರೆ ಅವರಲ್ಲಿ ಒಬ್ಬನನ್ನು ಆ ಮನೆಯೊಳಗೆ ಕರೆದೊಯ್ದವಳು ನಾನು.

ರೆಕಾರ್ಡಿಂಗ್ ಇನ್ನೂ ಕಳಿಸಿಲ್ಲ.

ಚೈತು


ಹಾರ್ಬೋರ್ನ್
8 ಜೂನ್ 2025

ಚೈತನ್ಯಾ,

ಪೂರ್ತಿ ಓದಿದೆ.

ಒಂದು ಸುದ್ದಿ ಹೇಳುತ್ತೇನೆ, ಯಾರು ಎಂದು ಹೇಳುವುದಿಲ್ಲ, ನೀನೂ ಊಹಿಸಿ ಬರೆಯಬೇಡ. ಹಲವು ವರ್ಷಗಳಿಂದ ನನ್ನ ಹತ್ತಿರ ಬರುತ್ತಿದ್ದ ಒಬ್ಬ ರೋಗಿ ಬೇರೆ ಕ್ಲಿನಿಕ್ಕಿಗೆ ಹೋಗಿದ್ದಾರೆ. ರೋಗಿಯ ವಿಷಯವನ್ನು ನಾನು ಮನೆಯವರಿಗೆ ತಿಳಿಸಿ, ಅವರನ್ನು ರೋಗಿಯ ಮನೆಗೆ ಕಳಿಸಿದೆ ಎಂದು ಮೆಡಿಕಲ್ ಕೌನ್ಸಿಲ್‌ಗೆ ದೂರು ಹೋಗಿದೆ. ಕ್ಲಿನಿಕ್ಕಿನ ಪಾಲುದಾರ ಡಾಕ್ಟರುಗಳು ಶುಕ್ರವಾರ ನನ್ನನ್ನು ಕೂರಿಸಿ ಕೇಳಿದರು. ನಾನು ಯಾರಿಗೂ ಏನೂ ಹೇಳಿಲ್ಲ ಎಂದೆ. ಅವರು ಬರೆದುಕೊಂಡರು. ದೊಡ್ಡಪ್ಪನಿಗೂ ಅಷ್ಟೇ ಹೇಳಿದ್ದೇನೆ. “ಏನೂ ಹೇಳ್ದೆ ಇದ್ರೆ ದೂರು ಯಾಕ್ ಬರತ್ತೆ, ಚಂದ್ರಾ?” ಎಂದರು. ಇಷ್ಟು ವರ್ಷದ ಮೇಲೆ ಅವರ ಬಾಯಲ್ಲೂ ಆ ಪ್ರಶ್ನೆ.

ನೀನು ನಕ್ಕೆ ಎಂದು ಬರೆದಿದ್ದೀಯ.

ಒಬ್ಬ ಮನುಷ್ಯ ತನ್ನ ಬಟ್ಟೆ ಸರಿಸಿ ತೋರಿಸುವುದು ಎಂದರೆ ಏನು ಎಂದು ನಿನ್ನ ಪುಸ್ತಕಗಳಲ್ಲಿ ಬರೆದಿದೆಯೋ ಇಲ್ಲವೋ. ಕೆಲವರು ಅದಕ್ಕೆ ವರ್ಷಗಟ್ಟಲೆ ತೆಗೆದುಕೊಳ್ಳುತ್ತಾರೆ. ಇದು ನಾನು ಎಲ್ಲ ರೋಗಿಗಳ ಬಗ್ಗೆ ಹೇಳುವ ಮಾತು.

ನೀನು ಈಗ ಏನು ಮಾಡಬೇಕು ಎಂದು ನಾನು ಹೇಳುವಂತಿಲ್ಲ. ಹೇಳಿದರೆ, ನೀನು ಮಾರ್ಚ್‌ನಲ್ಲಿ ಕೇಳಿದ್ದಕ್ಕೆ ಅದೂ ಒಂದು ಉತ್ತರವಾಗುತ್ತದೆ.

ಚಂದ್ರಪ್ರಭಾ


ಶೆಫೀಲ್ಡ್
29 ಜೂನ್ 2025

ದೊಡ್ಡಮ್ಮ,

ಫೋನ್ ಮಾಡಿದರೆ ನೀವು ಎತ್ತುತ್ತಿಲ್ಲ. ಸುಮುಖ್ ಎತ್ತಿ “she's fine” ಎಂದು ಇಡುತ್ತಾನೆ.

ರೆಕಾರ್ಡಿಂಗ್ ಅಳಿಸಿದೆ. ಅನುಮತಿ ಇಲ್ಲದೆ ಮಾಡಿದ್ದು ಎಂದು ಯೂನಿವರ್ಸಿಟಿಯ ಎಥಿಕ್ಸ್ ಸಮಿತಿಗೆ ನಾನೇ ಬರೆದುಕೊಟ್ಟೆ. ಪ್ರಬಂಧದ ವಿಷಯ ಬದಲಾಯಿಸಿದ್ದೇನೆ. ಹೊಸದು ಯಾರಿಗೂ ಬೇಡದ ವಿಷಯ, ಪಾಸಾದರೆ ಸಾಕು. ಪಿಎಚ್‌ಡಿ ಸಂದರ್ಶನಕ್ಕೆ ಕರೆಯಲಿಲ್ಲ. ಪ್ರೊಫೆಸರ್ ಕಾರಿಡಾರಿನಲ್ಲಿ ಸಿಕ್ಕಿ, ಎಳೆಯರಿಗೆ ದಾಖಲೆಯ ಬೆಲೆ ಗೊತ್ತಿಲ್ಲ ಎಂದರು.

ಉತ್ಸವದಿಂದ ಯೂನಿವರ್ಸಿಟಿ ತನ್ನ ಹೆಸರು ತೆಗೆಯಿತು. ರಸೆಲ್ ಅದನ್ನು ಒಂದು ಪಬ್ಬಿನ ಮಹಡಿಗೆ ಸಾಗಿಸಿದ. ಪೋಸ್ಟರಿನ ಮೇಲೆ ‘ಮೇಕಪ್ ಅಲ್ಲ, ನಿಜವಾದ ಕಿರುಚಾಟ’ ಎಂದು ಹಾಕಿದ. ಅವರ ಮನೆ ಎಲ್ಲಿದೆ ಎಂದು ಮಾತ್ರ ಬರೆಯಲಿಲ್ಲ. ನಾನು ಪೊಲೀಸರ ಹೆಸರೆತ್ತಿದ್ದೆ. ಬಾಗಿಲ ಹತ್ತಿರ ನಿಂತು ನೋಡಿದೆ. ಕ್ಲಬ್ಬಿನಲ್ಲಿ ತೋರಿಸಿದಾಗ ಬಂದಿದ್ದವರಿಗಿಂತ ಹೆಚ್ಚು ಜನ. ಕಬ್ಬಿಣ ತಾಗುವ ಹೊತ್ತಿಗೆ ಎಲ್ಲರೂ ಮುಂದಕ್ಕೆ ಬಗ್ಗಿದರು. ಮೊದಲು ಆ ಜಾಗದಲ್ಲಿ ನಗುತ್ತಿದ್ದರು. ಈಗ ಯಾರೂ ನಗಲಿಲ್ಲ, ಉಸಿರು ಬಿಗಿಹಿಡಿದು ಅವಳ ತುಟಿ ನೋಡುತ್ತಿದ್ದರು. ಬೆಳ್ಳಗಾಗುವುದನ್ನು ನೋಡಲು. ನೀವು ಬರೆದದ್ದನ್ನೇ, ದೊಡ್ಡಮ್ಮ. ನಾನು ಪ್ರೊಫೆಸರ್‌ಗೆ ಹೇಳಿದ್ದೆ, ಅವರು ರಸೆಲ್‌ಗೆ ಹೇಳಿದ್ದರು, ಅವನು ಪರಿಚಯ ಭಾಷಣದಲ್ಲಿ ಹೇಳಿದ.

ಹಾರ್ಬೋರ್ನ್‌ಗೂ ಹೋಗಿದ್ದೆ, ಒಬ್ಬಳೇ. ಬಾಗಿಲು ಸರಪಳಿ ಬಿಡುವಷ್ಟೇ ತೆರೆಯಿತು. ದೊಡ್ಡಮ್ಮ ನನಗೆ ಏನೂ ಹೇಳಿಲ್ಲ, ಅವರು ನನ್ನನ್ನು ಕಳಿಸಲಿಲ್ಲ, ಅವತ್ತು ನಾನು ಸುಳ್ಳುನಗೆ ನಕ್ಕೆ ಎಂದೆ. ಅವರು ಕೇಳಿಸಿಕೊಂಡರು.

“ಅವತ್ತು ನಿನಗೆ ನನ್ನಿಂದ ಕೆಲಸ ಆಗಬೇಕಿತ್ತು. ಇವತ್ತೂ ನನ್ನಿಂದ ಕೆಲಸ ಆಗಬೇಕು” ಎಂದರು. ಬಾಗಿಲು ಹಾಕಿಕೊಂಡರು.

ಕೌನ್ಸಿಲ್‌ಗೆ ಹೇಳಿಕೆ ಬರೆದಿದ್ದೇನೆ, ನೀವು ಒಂದು ಮಾತೂ ಹೇಳಿಲ್ಲ ಎಂದು. ಕಳಿಸುವ ಮೊದಲು ನಿಮ್ಮನ್ನು ಒಂದು ಮಾತು ಕೇಳಬೇಕು. ಮಾರ್ಚ್‌ನಲ್ಲಿ ನೀವು ಎಡವೋ ಬಲವೋ ಎಂದು ಕೇಳಿ ಬರೆದ ಪತ್ರ ನನ್ನ ಹತ್ತಿರ ಇದೆ. ಆಗ ನನಗೆ ಯಾಕೆ ಎಂದು ಹೊಳೆಯಲಿಲ್ಲ. ಈಗ ಓದುವವರಿಗೆ ಹೊಳೆಯುತ್ತದೆ. ಅದು ಕನ್ನಡದಲ್ಲಿದೆ, ನಮ್ಮಿಬ್ಬರನ್ನು ಬಿಟ್ಟು ಯಾರೂ ನೋಡಿಲ್ಲ. ಹರಿದುಹಾಕಲೇ?

ಚೈತು


ಹಾರ್ಬೋರ್ನ್
31 ಆಗಸ್ಟ್ 2025

ಚೈತು,

ಹರಿಯಬೇಡ ಎಂದು ನಿನ್ನ ಪತ್ರ ಬಂದ ದಿನವೇ ಒಂದು ಸಾಲಿನ ಮೆಸೇಜ್ ಹಾಕಿದ್ದೆ. ನೀನು ಅದಕ್ಕೆ ಹೆಬ್ಬೆರಳು ತೋರಿಸಿದೆ.

ಆ ಪತ್ರದ ವಿಷಯ ನಾನೇ ಹೇಳಿದೆ. ನನ್ನ ಹತ್ತಿರವಿದ್ದ ಕರಡನ್ನು ಇಂಗ್ಲಿಷಿಗೆ ಮಾಡಿಸಿ ಒಪ್ಪಿಸಿದೆ. ಸುಮ್ಮನಿದ್ದಿದ್ದರೆ ದೂರಿಗೆ ಆಧಾರವಿಲ್ಲ ಎಂದು ಮುಗಿಯುತ್ತಿತ್ತು ಎಂದು ವಕೀಲೆ ಹೇಳಿದಳು. ಆದರೆ ಆ ಪ್ರಶ್ನೆಗಳನ್ನು ನಾನು ಕೇಳಿದ್ದು ನಿಜ. ನಿನ್ನ ಪ್ರಬಂಧಕ್ಕಾಗಿ ಕೇಳಿರಲಿಲ್ಲ. ನನಗೆ ಗೊತ್ತಾಗಬೇಕಿತ್ತು. ಯಾಕೆ ಗೊತ್ತಾಗಬೇಕಿತ್ತು ಎಂದು ಕೌನ್ಸಿಲ್‌ನವರು ಕೇಳಿದರು. ಕಾಳಜಿಯಿಂದ ಎಂದೆ. ಅದು ಸುಳ್ಳಲ್ಲ. ಆದರೆ ಆ ದೃಶ್ಯವನ್ನು ಒಂದು ಸಲ ನೋಡಿದರೆ ಸಾಕಿತ್ತು. ನಾನು ಬಾಗಿಲು ಹಾಕಿಕೊಂಡು ಮತ್ತೆ ಮತ್ತೆ ನೋಡಿದೆ. ಪಬ್ಬಿನಲ್ಲಿ ಮುಂದಕ್ಕೆ ಬಗ್ಗಿದವರ ಬಗ್ಗೆ ನೀನು ಬರೆದದ್ದನ್ನು ಓದಿದಾಗಿನಿಂದ ಆ ಲ್ಯಾಪ್‌ಟಾಪ್ ಮುಟ್ಟಲು ಹೇಸಿಗೆಯಾಗುತ್ತದೆ.

ಕೊನೆಗೆ ಎಚ್ಚರಿಕೆಯ ಪತ್ರ ಕೊಟ್ಟರು. ಕೆಲಸಕ್ಕೆ ತೊಂದರೆಯಿಲ್ಲ. ದೊಡ್ಡಪ್ಪ ಸಮಾಧಾನವಾಗಿ, ಸಣ್ಣದರಲ್ಲಿ ಹೋಯಿತು ಎಂದರು. ಡ್ಯೂಟಿ ಪಟ್ಟಿಯಲ್ಲಿ ಮಾಮೂಲಿನಂತೆ ನನ್ನ ಹೆಸರಿದೆ. ಹೊಸ ಹುಡುಗಿ ಡಾಕ್ಟರ್ ನೇತ್ರಾ ಎಂಬುವಳು ಸೇರಿದ್ದಾಳೆ, ಮಂಗಳೂರಿನವಳು. ಕಂಪ್ಯೂಟರ್ ಪಾಸ್‌ವರ್ಡ್ ಕೊಡುವ ದಿನ ಅವಳನ್ನು ಕೂರಿಸಿ ರೋಗಿಗಳ ಗುಟ್ಟು ಕಾಯುವ ನಿಯಮ ವಿವರಿಸಬೇಕಿತ್ತು, ಅದು ಹಿರಿಯರ ಕೆಲಸ. ಪಾಲುದಾರರು ಆ ಕೆಲಸವನ್ನು ಬೇರೆಯವರಿಗೆ ಕೊಟ್ಟರು. ಚಾರ್ಟಿನಲ್ಲಿ ಹೆಸರು ಬದಲಾಗಿದ್ದನ್ನು ಕಂಡೇ ನನಗೆ ಗೊತ್ತಾದದ್ದು.

ನೀನು ಊರಿಗೆ ಹೊರಡುವ ಮೊದಲು ಬಾ. ಊಟ ಮಾಡಿಕೊಂಡು ಹೋಗು. ಸಿನಿಮಾ ಮಾತು ಬೇಡ ಎಂದು ನಾನು ಹೇಳುವುದಿಲ್ಲ. ನಿಮ್ಮಮ್ಮನಿಗೆ ನಾನು ಏನೂ ಹೇಳಿಲ್ಲ, ಈಗಲೂ.

ಇವತ್ತು ಮಧ್ಯಾಹ್ನ ಹೈಸ್ಟ್ರೀಟ್‌ನಲ್ಲಿ ತರಕಾರಿ ತರುತ್ತಿದ್ದೆ. ಎದುರಿನಿಂದ ಒಬ್ಬರು ಬರುತ್ತಿದ್ದರು, ಕೈಯಲ್ಲಿ ಬ್ರೆಡ್ಡು. ದೂರದಿಂದಲೇ ನನ್ನನ್ನು ಕಂಡರು. ಸ್ವಲ್ಪ ನಿಂತರು. ಆಮೇಲೆ ಬಸ್ಸು ಹೋಗುವವರೆಗೆ ಕಾದು, ರಸ್ತೆ ದಾಟಿ ಆ ಬದಿಗೆ ಹೋದರು. ಯಾರು ಎಂದು ಬರೆಯುವುದಿಲ್ಲ.

ದೊಡ್ಡಮ್ಮ